ಸೌತೆಕಾಯಿ ಎಂದು ಬರೆದ ನೀರು

ಮೂವತ್ತು ವರ್ಷಕ್ಕೂ ಮಿಕ್ಕಿ ನಾನು ತಲಾಟಿಯಾಗಿ ಕೆಲಸ ಮಾಡಿದೆ. ಈ ಹುದ್ದೆಗೆ ಸರಕಾರ ಮೊದಲು ಗ್ರಾಮಲೆಕ್ಕಿಗ ಎಂದು ಹೆಸರಿಟ್ಟಿತ್ತು, ಈಗ ಗ್ರಾಮ ಆಡಳಿತಾಧಿಕಾರಿ ಎಂದು ಇನ್ನಷ್ಟು ಉದ್ದ ಮಾಡಿದೆ. ಅಥಣಿ, ಕಾಗವಾಡ, ರಾಯಬಾಗದ ಕಡೆಯ ಜನ ಮಾತ್ರ ತಲಾಟಿ ಎನ್ನುವುದನ್ನು ಬಿಟ್ಟಿಲ್ಲ. ಯಾವ ಹೊಲ ಯಾರ ಹೆಸರಿನಲ್ಲಿದೆ, ಅದರಲ್ಲಿ ಏನು ಬೆಳೆದಿದೆ ಎಂದು ಬರೆದಿಡುವವನು ತಲಾಟಿ. ಅವನು ಬರೆದ ಹಾಳೆಯೇ ಉತಾರ. ನಮ್ಮಲ್ಲಿ ಹೆಣ್ಣು ಕೊಡುವವರು ಹುಡುಗನ ಮುಖ ನೋಡುವ ಮೊದಲು ಅವನ ಉತಾರ ನೋಡುತ್ತಾರೆ. ಅಷ್ಟು ಭಾರದ ಹಾಳೆಯನ್ನು ನಾವು ಎಷ್ಟು ಹಗುರವಾಗಿ ಬರೆಯುತ್ತಿದ್ದೆವು ಎಂದು ಹೇಳಲು ಈ ವಯಸ್ಸಿನಲ್ಲಿ ನನಗೆ ನಾಚಿಕೆಯೇನೂ ಉಳಿದಿಲ್ಲ.

ನಿಯಮದ ಪ್ರಕಾರ ತಲಾಟಿ ಪ್ರತಿ ಹಂಗಾಮಿನಲ್ಲೂ ಹೊಲ ಹೊಲ ತಿರುಗಿ, ಕಣ್ಣಾರೆ ಕಂಡ ಬೆಳೆಯನ್ನು, ನಮ್ಮ ಕಡೆಯ ಮಾತಿನಲ್ಲಿ ಪೀಕನ್ನು, ಬರೆಯಬೇಕು. ನಾವು ಹಣಮಂತದೇವರ ಗುಡಿಯ ಕಟ್ಟೆಯ ಮೇಲೆ ಕೂತು ಬರೆಯುತ್ತಿದ್ದೆವು. ಚಾವಡಿಯ ಆಳು ಎದುರಿಗೆ ಕುಕ್ಕರುಗಾಲಿನಲ್ಲಿ ಕೂತು ನೆನಪಿನಿಂದಲೇ ಒದರುತ್ತಿದ್ದ: ಆ ಹೊಲದಲ್ಲಿ ಕಬ್ಬು, ಈ ಹೊಲದಲ್ಲಿ ಜೋಳ, ಅದರಾಚೆಯದರಲ್ಲಿ ಅರಿಷಿಣ. ನಡುವೆ ಚಹಾ ಬರುತ್ತಿತ್ತು. ಹೋಗುವವರು ಬರುವವರು ನಿಂತು ಎರಡು ಮಾತಾಡುತ್ತಿದ್ದರು. ನೆನಪು ಕೈಕೊಟ್ಟಾಗ ಅವನ ಉತ್ತರ ಒಂದೇ.

"ಹೋದ ವರ್ಷದ್ದ ಹಾಕ್ರಿ ಸಾಹೇಬ್ರ. ಹೊಲಾ ಏನ ಎದ್ದು ಓಡಿ ಹೋಗೈತೇನ್ರಿ?"

ಹೊಲ ಎಲ್ಲಿಗೂ ಓಡುವುದಿಲ್ಲ ಎಂದು ನಾನೂ ನಂಬಿದ್ದೆ. ಹೋದ ವರ್ಷದ ಪುಸ್ತಕ ತೆಗೆದು, ಹೋದ ವರ್ಷದ್ದನ್ನೇ ಹಾಕುತ್ತಿದ್ದೆ. ನನ್ನ ಹಿಂದಿನವನೂ ಹಾಗೇ ಮಾಡಿದ್ದ. ಯಾರೂ ಯಾರನ್ನೂ ಕೇಳಲಿಲ್ಲ. ಕೇಳಬೇಕಾದ ಸಾಹೇಬರೂ ಎಂದೋ ಇಂಥದೇ ಒಂದು ಕಟ್ಟೆಯ ಮೇಲೆ ಕೂತು ಬರೆದು ಮೇಲೆ ಹೋದವರು.

ನನಗೆ ಹಚ್ಚಿಕೊಟ್ಟ ಮೂರು ಹಳ್ಳಿಗಳಲ್ಲಿ ಒಂದು ನನ್ನ ಅಕ್ಕನನ್ನು ಕೊಟ್ಟ ಊರು. ಎರಡು ಸಲ ಬೇರೆ ಕಡೆಗೆ ವರ್ಗವಾದರೂ ಎರಡು ಸಲವೂ ತಿರುಗಿ ಅಲ್ಲಿಗೇ ಬಂದೆ. ಬರುವ ಹಾಗೆ ನಾನೇ ಓಡಾಡಿಕೊಂಡೆ ಅನ್ನಿ. ಅಕ್ಕ ನನಗಿಂತ ಏಳು ವರ್ಷ ದೊಡ್ಡವಳು. ನಾನು ಹುಟ್ಟಿದೆನೆಂದು, ನನ್ನನ್ನು ಎತ್ತಿಕೊಳ್ಳುವುದಕ್ಕೆಂದು ಅವಳನ್ನು ಮೂರನೆಯ ಇಯತ್ತೆಗೆ ಶಾಲೆಯಿಂದ ಬಿಡಿಸಿದರು. ಅದನ್ನು ಅವಳು ಎಂದೂ ಎತ್ತಿ ಆಡಲಿಲ್ಲ. ಆದರೆ ನಾನು ಪೆನ್ನು ಹಿಡಿದು ಕೂತಾಗ ಮಾಡುತ್ತಿದ್ದ ಕೆಲಸ ಬಿಟ್ಟು ಸ್ವಲ್ಪ ಹೊತ್ತು ನೋಡುತ್ತಾ ನಿಲ್ಲುತ್ತಿದ್ದಳು. ಗಂಡ ಬೇಗ ತೀರಿಕೊಂಡ. ಮಕ್ಕಳಿರಲಿಲ್ಲ. ಇದ್ದ ನಾಲ್ಕು ಎಕರೆ ಎರೆ ಹೊಲವನ್ನು ಒಬ್ಬಳೇ ಮಾಡಿದಳು. ಅದರಲ್ಲೂ ಅವಳ ಅರಿಷಿಣ! ಸಾಂಗ್ಲಿಯ ಪೇಟೆಯಲ್ಲಿ ಚೀಲ ಬಿಚ್ಚಿದರೆ ದಲಾಲರು ಒಂದು ತುಂಡು ಮುರಿದು ನೋಡಿ, ಇದು ಯಾರ ಹೊಲದ್ದು ಎಂದು ಕೇಳುತ್ತಿದ್ದರಂತೆ. ಹೇಳುವಾಗ ಅಕ್ಕ ಮುಖ ಆ ಕಡೆ ತಿರುಗಿಸುತ್ತಿದ್ದಳು, ನಗು ಕಾಣಬಾರದೆಂದು.

ಊರ ಡಾಂಬರು ರಸ್ತೆಗೂ ಅಕ್ಕನ ಹೊಲಕ್ಕೂ ನಡುವೆ ದೊಡ್ಡದೊಂದು ತೆಗ್ಗು ಇತ್ತು. ಯಾವ ಕಾಲದಲ್ಲೋ ಹೊಳೆ ಆ ಕಡೆ ಹರಿದು, ಆಮೇಲೆ ಮುನಿಸಿಕೊಂಡು ದೂರ ಸರಿದುಹೋಯಿತು, ಹಾಸಿಗೆ ಮಾತ್ರ ಇಲ್ಲೇ ಬಿಟ್ಟಿತು ಎಂದು ಹಿರಿಯರು ಹೇಳುತ್ತಿದ್ದರು. ಮುಂಗಾರು ತರುವ ಮಿರಗದ ಮಳೆ ಬಿದ್ದಿತೆಂದರೆ ಮೇಲಿನ ಹೊಲಗಳ ನೀರೆಲ್ಲ ಅಲ್ಲಿಗೆ ಬಂದು ನಿಲ್ಲುತ್ತಿತ್ತು. ಎದೆಮಟ್ಟ ನೀರು, ಅಂಚಿಗೆ ಆಪಿನ ಹುಲ್ಲು, ಬೆಳ್ಳಕ್ಕಿ, ನೀರುಕೋಳಿ. ದೀಪಾವಳಿ ಕಳೆದ ಮೇಲೆ ಎಲ್ಲಿಂದಲೋ ಬೂದುಬಣ್ಣದ ದೊಡ್ಡ ಹಕ್ಕಿಗಳು ಬಂದು ಇಳಿಯುತ್ತಿದ್ದವು. ಶಿವರಾತ್ರಿಯ ಹೊತ್ತಿಗೆ ನೀರು ಇಳಿಯತೊಡಗಿ, ಯುಗಾದಿಗೆ ಬರೀ ಕರಿ ಕೆಸರು ಉಳಿಯುತ್ತಿತ್ತು. ತೆಗ್ಗು ನೀರು ಹಿಡಿದುಕೊಳ್ಳುತ್ತಿದ್ದುದರಿಂದಲೇ ಅದರ ಕೆಳಗಿದ್ದ ಅಕ್ಕನ ಹೊಲ ಮಳೆಗಾಲದಲ್ಲಿ ಬಸಿದು ಹದವಾಗಿರುತ್ತಿತ್ತು, ಬೇಸಗೆಯಲ್ಲಿ ಬಾವಿ ಬತ್ತುತ್ತಿರಲಿಲ್ಲ. ಇದು ಊರಿನ ಕೂಸಿಗೂ ಗೊತ್ತಿತ್ತು. ಎಲ್ಲರಿಗೂ ಗೊತ್ತಿದ್ದದ್ದನ್ನು ಬರೆದಿಡಬೇಕೆಂದು ಯಾರಿಗೂ ಹೊಳೆಯಲಿಲ್ಲ. ಅದಕ್ಕೆ ಒಡ್ಡು ಕಟ್ಟಿದವರಿರಲಿಲ್ಲ, ಹೆಸರಿಟ್ಟವರಿರಲಿಲ್ಲ. ಹಾಗಾಗಿ ಅದನ್ನು ಯಾರೂ ಕೆರೆ ಎನ್ನಲಿಲ್ಲ. ಕಾಗದದಲ್ಲಿ ಅದು ಊರಿನ ದೊಡ್ಡ ಮನೆತನವೊಂದರ ಹೆಸರಿನ ಜಮೀನು, ಅಷ್ಟೇ.

ಬೇಸಗೆಯಲ್ಲಿ ಆ ಕೆಸರಿನೊಳಗೆ ಒಬ್ಬ ಹೆಂಗಸು ಸೌತೆ ಹಾಕುತ್ತಿದ್ದಳು. ಹೊಳೆಯ ಆಚೆ ದಂಡೆಯಿಂದ ಬಂದು ನೆಲೆಸಿದವಳು, ಸ್ವಂತದ ಅಂಗೈಯಗಲ ನೆಲವಿಲ್ಲ. ಅರ್ಧ ಮರಾಠಿ, ಅರ್ಧ ಕನ್ನಡ ಮಾತಾಡುವ ಅವಳನ್ನು ಊರೆಲ್ಲ ಮಾವಶಿ ಎನ್ನುತ್ತಿತ್ತು. ದೊಡ್ಡ ಮನೆಯವರಿಗೆ ನಾಲ್ಕು ಬುಟ್ಟಿ ಸೌತೆಕಾಯಿ ಕೊಟ್ಟರೆ ಅವರು ಏನೂ ಅನ್ನುತ್ತಿರಲಿಲ್ಲ. ಒಂದು ವರ್ಷ ಅವಕಾಳಿ ಮಳೆ, ಅಂದರೆ ಹೊತ್ತಲ್ಲದ ಹೊತ್ತಿನ ಮಳೆ, ಆನೆಕಲ್ಲಿನ ಸಮೇತ ಬಿದ್ದು ಅವಳ ಬಳ್ಳಿಯನ್ನೆಲ್ಲ ಜಜ್ಜಿ ಹಾಕಿತು. ಉತಾರದಲ್ಲಿ ಪೀಕು ಇದ್ದವರಿಗೆ ಮಾತ್ರ ಪರಿಹಾರ ಎಂದು ಸರಕಾರ ಹೇಳಿತು. ಅವಳ ಸೌತೆ ಯಾವ ಪುಸ್ತಕದಲ್ಲೂ ಇರಲಿಲ್ಲ. ಸಂಜೆ ಅಕ್ಕ ನನ್ನ ಮುಂದೆ ರೊಟ್ಟಿ ಇಟ್ಟು ಅಲ್ಲೇ ಕೂತಳು.

"ಬರದ ಬಿಡೋ ತಮ್ಮಾ. ಆಕೀ ಬಳ್ಳಿ ನಾ ಕಣ್ಣಾರೆ ಕಂಡೀನಿ. ಸುಳ್ಳ ಏನ ಅಲ್ಲಲ್ಲ."

"ಬ್ಯಾಸಗಿಗೆ ಸೌತಿ ಅಂತ ಬರೀಬಹುದಕ್ಕಾ. ಮಳಿಗಾಲದ್ದ ಏನ ಬರೀಲಿ? ಖಾಲಿ ಬಿಟ್ರ ಮ್ಯಾಲಿನವ್ರು ಕೇಳ್ತಾರ. ನೀರ ನಿಂದರೂ ಜಾಗಾದಾಗ ಪೀಕ ಎಲ್ಲಿಂದ ಬಂತು ಅಂತಾರ."

"ಗೊಂಜಾಳ ಅಂತ ಬರಿ. ನಿನ್ನ ಕೈ ಏನ ಸವೀತೈತೇನು?"

ಬರೆದೆ. ಎದೆಮಟ್ಟ ನೀರಿನಲ್ಲಿ ಗೋವಿನಜೋಳ ಬೆಳೆಸಿದ ಮೊದಲ ತಲಾಟಿ ನಾನೇ ಇರಬೇಕು. ಅಕ್ಕನೂ ನಾನೂ ಅವತ್ತು ಅದನ್ನು ಹೇಳಿಕೊಂಡು ಕಣ್ಣಲ್ಲಿ ನೀರು ಬರುವ ಹಾಗೆ ನಕ್ಕೆವು. ಪರಿಹಾರ ದೊಡ್ಡ ಮನೆಯವರ ಹೆಸರಿಗೆ ಬಂತು, ಅವರು ಅದನ್ನು ಮಾವಶಿಗೇ ಕೊಟ್ಟರು. ಮುಂದಿನ ಬೇಸಗೆಗೆ ಒಂದು ಬುಟ್ಟಿ ಎಳೆ ಸೌತೆ ತಂದು ಚಾವಡಿಯ ಬಾಗಿಲಲ್ಲಿಟ್ಟು, ಒಳಗೂ ಬಾರದೆ ಹೋದಳು. ಅದು ಲಂಚವಾಗಿರಲಿಲ್ಲ. ಲಂಚವಾಗಿದ್ದರೆ ಹೆದರಿಕೊಂಡು ಮರುವರ್ಷ ಬಿಡುತ್ತಿದ್ದೆನೇನೋ. ಪುಣ್ಯದ ಕೆಲಸ ಎಂದುಕೊಂಡಿದ್ದರಿಂದ ವರ್ಷ ವರ್ಷವೂ ಬರೆದೆ. ಮಳೆಗಾಲಕ್ಕೆ ಗೋವಿನಜೋಳ, ಬೇಸಗೆಗೆ ಸೌತೆ. ಕಂಪ್ಯೂಟರು ಬಂದಾಗ ನನ್ನ ಅಕ್ಷರ ನೋಡಿ ಅದನ್ನೇ ಹೊಡೆದರು. ನನ್ನ ನಂತರ ಬಂದವರೂ ಹೋದ ವರ್ಷದ್ದನ್ನೇ ಹಾಕಿದರು.

ನಾನು ನಿವೃತ್ತನಾಗಿ ಸ್ವಲ್ಪ ದಿನಕ್ಕೆ ರಸ್ತೆ ಅಗಲವಾಯಿತು. ಹತ್ತಿರದಲ್ಲೇ ಸಕ್ಕರೆ ಕಾರ್ಖಾನೆ ಇದ್ದುದರಿಂದ ರಸ್ತೆ ಬದಿಯ ನೆಲಕ್ಕೆ ಎಲ್ಲಿಲ್ಲದ ಬೆಲೆ ಬಂತು. ನಿಪ್ಪಾಣಿಯಿಂದ ಅಥಣಿಯವರೆಗೆ ಎಲ್ಲಿ ನೋಡಿದರೂ ಕಬ್ಬಿನ ನಡುವೆ ಒಂದು ಕಮಾನು, ಕಮಾನಿನ ಹಿಂದೆ ಬಿಳಿ ಬಣ್ಣ ಬಳಿದ ಗಡಿಕಲ್ಲುಗಳು. ಹೊಲವನ್ನು ಹೊಲವಲ್ಲದ ನೆಲವಾಗಿ ಬದಲಿಸಿಕೊಳ್ಳುವುದಕ್ಕೆ ನಮ್ಮಲ್ಲಿ ಎನ್.ಎ. ಮಾಡಿಸುವುದು ಎನ್ನುತ್ತಾರೆ. ಮುದುಕಿಯರಿಗೂ ಆ ಎರಡಕ್ಷರ ಬಾಯಿಗೆ ಬಂದವು. ಒಂದು ದಿನ ಅಕ್ಕ ಬೆಳಗಿನ ಮೊದಲ ಬಸ್ಸಿಗೇ ನಮ್ಮ ಮನೆಗೆ ಬಂದಳು. ಕಾಲಿನ ಮಣ್ಣು ತೊಳೆದಿರಲಿಲ್ಲ.

"ತೆಗ್ಗ ಎನ್.ಎ. ಮಾಡಸಾಕ ಅರ್ಜಿ ಕೊಟ್ಟಾರಂತ. ಚಾವಡ್ಯಾಗ ಕಾಗದಾ ಹಚ್ಯಾರ. ತಕರಾರ ಇದ್ದವ್ರು ಹೇಳ್ರಿ ಅಂತೈತಿ. ನೀ ಬಾ. ನಿನಗ ಎಲ್ಲಾ ಗೊತ್ತೈತಿ."

ಅರ್ಜಿ ಕೊಟ್ಟವನು ದೊಡ್ಡ ಮನೆಯ ಮೊಮ್ಮಗ. ಕೆಟ್ಟ ಹುಡುಗನಲ್ಲ. ದಾರಿಯಲ್ಲಿ ಸಿಕ್ಕರೆ ಈಗಲೂ ಗಾಡಿ ನಿಲ್ಲಿಸಿ ಮಾತಾಡಿಸುತ್ತಾನೆ. ಅವತ್ತು ಚಾವಡಿಯ ಮುಂದೆಯೇ ಸಿಕ್ಕ.

"ಕಾಕಾ, ನಮ್ಮ ಜಮೀನ ನಾವ ಪ್ಲಾಟ ಮಾಡಾಕತ್ತೇವಿ. ಕೆರಿ ಆಗಿದ್ರ ಮುಟ್ಟತಿರಲಿಲ್ರಿ. ಉತಾರ ನೋಡ್ರಿ ನೀವ. ಹೊಲಾ ಐತಿ."

ಆ ಉತಾರ ನನಗೆ ಬಾಯಿಪಾಠವಾಗಿತ್ತು.

ನಮ್ಮ ಕಾನೂನು ಕೆಟ್ಟದ್ದು ಎಂದು ನಾನು ಹೇಳಲಾರೆ. ಕೃಷಿ ಭೂಮಿಯನ್ನು ಮನಸ್ಸಿಗೆ ಬಂದ ಹಾಗೆ ಬದಲಿಸಬೇಡಿ, ಜಿಲ್ಲಾಧಿಕಾರಿಯ ಅಪ್ಪಣೆ ಪಡೆಯಿರಿ ಎಂದು ಭೂಕಂದಾಯ ಕಾಯ್ದೆಯಲ್ಲಿದೆ. ಕೆರೆ, ಹಳ್ಳ, ಸಾಗುವಳಿಗೆ ಬಾರದ ಸಾರ್ವಜನಿಕ ಖರಾಬು ಎಂದು ದಾಖಲೆಯಲ್ಲಿದ್ದ ನೆಲ ಮುಟ್ಟುವಂತಿಲ್ಲ. ಜೌಗು ನೆಲವನ್ನು ಗುರುತಿಸಿ ಕಾಯಬೇಕು ಎನ್ನುವ ನಿಯಮವೂ ಉಂಟು. ಅರ್ಜಿ ಕೊಡುವವನು ತನ್ನ ನೆಲದಲ್ಲಿ ಅಂಥದ್ದೇನೂ ಇಲ್ಲ ಎಂದು ಪ್ರಮಾಣಪತ್ರ ಬರೆದುಕೊಡಬೇಕು. ಎಲ್ಲ ಸರಿಯಾಗಿಯೇ ಇದೆ. ಆದರೆ ನೀರು ಎಲ್ಲಿದೆ ಎಂದು ಕಾನೂನಿಗೆ ತಾನೇ ಬಂದು ನೋಡಲು ಕಾಲಿಲ್ಲ. ಅದು ಉತಾರ ಕೇಳುತ್ತದೆ. ದೇವರು ವರ ಕೊಟ್ಟರೂ ಪೂಜಾರಿ ವರ ಕೊಡ ಎಂದು ಜನ ತಲಾಟಿಗಳನ್ನು ಆಡಿಕೊಳ್ಳುತ್ತಿದ್ದರು. ಇಲ್ಲಿ ಪೂಜಾರಿ ಕೇಳುವ ಮೊದಲೇ ಕೊಟ್ಟುಬಿಟ್ಟಿದ್ದ.

ಅಕ್ಕ ತಕರಾರು ಕೊಟ್ಟಳು. ನಾನೇ ಬರೆದುಕೊಟ್ಟೆ, ಅವಳು ಒಂದೊಂದೇ ಅಕ್ಷರ ಕೂಡಿಸಿ ಸಹಿ ಮಾಡಿದಳು. ಸ್ಥಳ ನೋಡಲು ಜನ ಬಂದರು. ಅವರು ಬಂದದ್ದು ಯುಗಾದಿ ಕಳೆದು ಆರು ವಾರಕ್ಕೆ. ತೆಗ್ಗಿನಲ್ಲಿ ಹನಿ ನೀರಿರಲಿಲ್ಲ. ಅಂಚಿನಿಂದ ಅಂಚಿಗೆ ಮಾವಶಿಯ ಸೌತೆಬಳ್ಳಿ ಹಸಿರಾಗಿ ಹಬ್ಬಿ, ಹಳದಿ ಹೂವು ಬಿಟ್ಟಿತ್ತು. ಬಿಸಿಲಿಗೆ ಬಾಯಾರಿದ ಸಾಹೇಬರಿಗೆ ಮಾವಶಿ ತಾನೇ ಓಡಿಹೋಗಿ ನಾಲ್ಕು ಸೌತೆಕಾಯಿ ಕಿತ್ತು ತಂದು, ಸೆರಗಿನಿಂದ ಒರೆಸಿ ಕೊಟ್ಟಳು. ಇವರು ಏತಕ್ಕೆ ಬಂದಿದ್ದಾರೆಂದು ಅವಳಿಗೆ ಗೊತ್ತಿರಲಿಲ್ಲ. ಕಾಗದದಲ್ಲೂ ಸೌತೆ, ಕಣ್ಣ ಮುಂದೂ ಸೌತೆ, ಕೈಯಲ್ಲೂ ಸೌತೆ. ಅವರು ಬೇರೆ ಏನು ಬರೆಯಬೇಕಿತ್ತು?

"ಮಳಿಗಾಲದಾಗ ಬಂದ ನೋಡ್ರಿ ಯಪ್ಪಾ" ಎಂದು ಅಕ್ಕ ಅವರ ಹಿಂದೆಯೇ ಹೋದಳು. "ಎಮ್ಮಿ ಮುಳಗತಾವು ಇಲ್ಲೆ."

ಕಚೇರಿಯಲ್ಲಿ ಕರೆದು ಕೇಳಿದವರು ಸಜ್ಜನರು. ಅಕ್ಕನಿಗೆ ಕುರ್ಚಿ ಕೊಟ್ಟರು. ಹಳೆಯ ಪುಸ್ತಕಗಳನ್ನು ತರಿಸಿ, ಒಂದರ ಮೇಲೊಂದು ತೆರೆದು ನನ್ನ ಕಡೆ ತಿರುಗಿಸಿದರು.

"ಈ ಸಹಿ ನಿಮ್ಮದಲ್ರಿ?"

"ನಂದ್ರಿ."

"ಮಳಿಗಾಲದಾಗ ಗೋವಿನಜೋಳ ಅಂತ ಬರದೀರಿ. ಒಂದ ವರ್ಷ ಅಲ್ಲ, ಎಲ್ಲಾ ವರ್ಷ. ನೀರ ನಿಂದರ್ತಿದ್ರ ಗೋವಿನಜೋಳ ಹೆಂಗ ಬಂತ್ರಿ?"

ಮಸಿ ಸ್ವಲ್ಪ ಕಂದಿತ್ತು. ಅಕ್ಷರ ಮಾತ್ರ ಒಂದಕ್ಕೊಂದು ತಾಗದ ಹಾಗೆ ನೆಟ್ಟಗೆ ನಿಂತಿದ್ದವು. ನನ್ನ ಅಕ್ಷರ ಚೆಂದವೆಂದು ಹಿಂದೆ ಬೇರೆ ಹಳ್ಳಿಯ ತಲಾಟಿಗಳೂ ಬಂದು ನೋಡುತ್ತಿದ್ದರು. ಅಕ್ಕ ಪುಸ್ತಕವನ್ನು ನೋಡಿದಳು, ನನ್ನನ್ನು ನೋಡಿದಳು. ಅವತ್ತು ರೊಟ್ಟಿ ಇಟ್ಟು ಹೇಳಿದ ಮಾತು ಅವಳಿಗೂ ನೆನಪಾಗಿರಬೇಕು. ಕೊನೆಗೆ ಆ ಸಾಹೇಬರೇ ಪುಸ್ತಕ ಮುಚ್ಚಿದರು.

ಆದರೂ ಅಕ್ಕ ಬಿಡಲಿಲ್ಲ. ಚಿಕ್ಕೋಡಿಯಲ್ಲಿ ಭೂಮಿಯ ವ್ಯಾಜ್ಯ ನಡೆಸುವ ವಕೀಲರೊಬ್ಬರಿದ್ದಾರೆಂದು ಯಾರೋ ಹೇಳಿದ್ದರು. ಬಸ್ಸಿನಲ್ಲಿ ಹೋದೆವು. ಅಕ್ಕ ಕಿಟಕಿಯ ಪಕ್ಕ ಕೂತು ಇಳಿಯುವವರೆಗೂ ಎರಡೂ ಕಡೆಯ ಹೊಲಗಳನ್ನು ನೋಡುತ್ತಾ, ಇದು ಕುಳೆ ಕಬ್ಬು, ಇದಕ್ಕೆ ನೀರು ಹೆಚ್ಚಾಗಿದೆ, ಇವನಿಗೆ ಸಾಲು ಬಿಡಲು ಬರುವುದಿಲ್ಲ ಎಂದು ಹೇಳುತ್ತಲೇ ಇದ್ದಳು. ವಕೀಲರು ಎಲ್ಲ ಕೇಳಿಸಿಕೊಂಡರು. ಆಮೇಲೆ ಕನ್ನಡಕ ತೆಗೆದು ನನ್ನ ಕಡೆ ನೋಡಿದರು.

"ಹಕ್ಕ ದಾಖಲ್ಯಾಗ ಬರದದ್ದು ಖರೇ ಅಂತನ ಹಿಡಿತೈತ್ರಿ ಕಾನೂನು. ಸುಳ್ಳ ಅಂತ ತೋರಸಬೇಕಂದ್ರ ಒಂದ ದಾರಿ ಐತಿ. ನೀವ ಬರದ ಕೊಡ್ರಿ. ನಾ ಹೊಲಕ್ಕ ಹೋಗದ ಪೀಕ ಹಾಕೀನಿ, ಅಲ್ಲೆ ನೀರ ಇತ್ತು ಅಂತ. ಆದ್ರ ಬರದ ಮ್ಯಾಲ ನಿಮ್ಮ ಮ್ಯಾಲ ಕೇಸ ಬರಬಹುದು. ಪೆನ್ಷನ್ ನಿಂದರಬಹುದು. ಅಷ್ಟ ಮಾಡಿದ್ರೂ ಗೆಲ್ತೇವಿ ಅಂತ ನಾ ಹೇಳೂದಿಲ್ಲ."

ಮೇಜಿನ ಮೇಲೆ ಒಂದು ಬಿಳಿ ಹಾಳೆ ಇಟ್ಟು, ಅವರು ಚಹಾ ಹೇಳುವುದಕ್ಕೆಂದು ಹೊರಗೆ ಹೋದರು. ನನ್ನ ಜೇಬಿನಲ್ಲಿ ಪೆನ್ನಿತ್ತು. ತೆಗೆದು ಕೈಯಲ್ಲಿ ಹಿಡಿದೆ. ಜೀವಮಾನವಿಡೀ ಪುಟಗಟ್ಟಲೆ ನೋಡದ್ದನ್ನು ಬರೆದ ಕೈಗೆ ಅವತ್ತು ಕಂಡದ್ದನ್ನು ನಾಲ್ಕು ಸಾಲು ಬರೆಯಬೇಕಿತ್ತು, ಅಷ್ಟೇ. ನಾನು ಬರೆಯಲಿಲ್ಲ. ಅಕ್ಕ ಬೇಡ ಅನ್ನುತ್ತಾಳೆ ಎಂದು ಕಾದೆ. ಅವಳು ಅಂದಳು.

"ಬ್ಯಾಡ ಬಿಡೋ. ಮನ್ಯಾಗ ಹೆಣಮಗಳ ಮದವಿ ಐತಿ ನಿನಗ. ನನ್ನ ಹೊಲದ ಸಲುವಾಗಿ ನೀ ಯಾಕ ಕೋರ್ಟ ಮೆಟ್ಟಲಾ ಹತ್ತತಿ."

ನಾನು ಪೆನ್ನನ್ನು ಜೇಬಿಗಿಟ್ಟೆ. ಬೇಗ ಇಟ್ಟೆ. ಎಷ್ಟು ಬೇಗ ಇಟ್ಟೆನೆಂದು ಅವಳು ನೋಡಿದಳು. ಹುಟ್ಟಿದಾಗ ಅವಳ ಶಾಲೆ ತಿಂದೆ, ಈಗ ಅವಳ ಹೊಲ ತಿನ್ನುತ್ತಿದ್ದೇನೆ ಎಂದು ತಿರುಗಿ ಬರುವಾಗ ಬಸ್ಸಿನಲ್ಲಿ ಅನ್ನಿಸಿತು. ಆ ಮಾತನ್ನು ಅವಳ ಮುಂದೆ ಆಡುವ ಧೈರ್ಯವೂ ಬರಲಿಲ್ಲ. ಅವಳು ಬರುವಾಗ ಕಿಟಕಿಯ ಪಕ್ಕ ಕೂತಿದ್ದರೂ ಯಾರ ಹೊಲದ ಬಗ್ಗೆಯೂ ಮಾತಾಡಲಿಲ್ಲ.

ಅಪ್ಪಣೆ ಬಂತು. ಮಿರಗ ಕೂಡುವ ಮೊದಲೇ ಟಿಪ್ಪರುಗಳು ಬಂದವು. ತೆಲಸಂಗದ ಕಡೆಯ ಮಡ್ಡಿಯಿಂದ ಅಗೆದ ಕೆಂಪು ಗರಸು ಮಣ್ಣನ್ನು ತಂದು ತಂದು ಸುರಿದರು. ಮಾವಶಿಯ ಬಳ್ಳಿಯಲ್ಲಿ ಇನ್ನೂ ಕಾಯಿ ಇದ್ದವು. ದೊಡ್ಡ ಮನೆಯ ಹುಡುಗ ಒಂದು ದಿನ ತಡೆದು, ಕಿತ್ತುಕೊಳ್ಳುವಷ್ಟು ಕಿತ್ತುಕೋ ಎಂದನಂತೆ. ಅವಳು ಕಿತ್ತುಕೊಂಡಳು. ಉಳಿದವು ಗರಸಿನಡಿ ಹೋದವು. ಮೇಲೆ ರೋಲರು ಓಡಿಸಿ ರಸ್ತೆಯ ಮಟ್ಟಕ್ಕೆ ಸಮ ಮಾಡಿ, ಕಲ್ಲು ನೆಟ್ಟು, ಕಮಾನು ಕಟ್ಟಿದರು. ಚಳಿಗಾಲದಲ್ಲಿ ಆ ಬೂದುಬಣ್ಣದ ಹಕ್ಕಿಗಳು ಬಂದು ಎರಡು ದಿನ ಮೇಲೆ ಸುತ್ತು ಹಾಕಿ ಹೋದವು ಎಂದು ಅಕ್ಕ ಹೇಳಿದಳು. ನಾನು ನೋಡಲಿಲ್ಲ. ಆ ವರ್ಷ ನಾನು ಆ ಕಡೆ ಹೋಗುವುದನ್ನೇ ಕಡಿಮೆ ಮಾಡಿದ್ದೆ.

ನೀರು ಮಾತ್ರ ತನ್ನ ದಾರಿ ಮರೆಯಲಿಲ್ಲ. ಮೇಲಿನ ಹೊಲಗಳಿಂದ ಮೊದಲಿನಂತೆಯೇ ಇಳಿದು ಬಂತು. ನಿಲ್ಲುವ ಜಾಗ ಎತ್ತರವಾಗಿತ್ತು. ಬದಿಯಿಂದ ಸುತ್ತಿ ಬಂದು ಅಕ್ಕನ ಹೊಲದಲ್ಲಿ ನಿಂತಿತು. ಮೊದಲ ವರ್ಷ ಅಕ್ಕ ಆಳು ಹಚ್ಚಿ ಬಸಿಗಾಲುವೆ ತೋಡಿಸಿದಳು. ತೋಡಿದ್ದು ಎರಡು ಮಳೆಗೆ ಮುಚ್ಚಿತು. ಅರಿಷಿಣದ ಎಲೆ ತುದಿಯಿಂದ ಹಳದಿ ತಿರುಗಿತು. ಅಗೆದು ನೋಡಿದರೆ ಗಡ್ಡೆ ಕೈಯಲ್ಲೇ ಹಿಸುಕಿಹೋಗುತ್ತಿತ್ತು, ಕೊಳೆತ ವಾಸನೆ. ಸಾಂಗ್ಲಿಯಲ್ಲಿ ಮುರಿದು ನೋಡುತ್ತಿದ್ದ ಅರಿಷಿಣ ಅದು. ಎರಡನೆಯ ವರ್ಷ ಕಬ್ಬು ಹಾಕಿದಳು. ಅದೂ ಮೊಣಕಾಲೆತ್ತರಕ್ಕೆ ಬಂದು ಕುಂಟಿತು. ಮೂರನೆಯ ವರ್ಷ ಹೊಲ ಪೂರಾ ಜವಳು ಹಿಡಿಯಿತು. ಕಾಲಿಟ್ಟರೆ ಹೂತುಕೊಳ್ಳುವ, ಒಣಗಿದರೆ ಬಿಳಿ ಉಪ್ಪು ಮೇಲೇಳುವ ನೆಲ. ಬದುವಿನ ಬುಡದಲ್ಲಿ ಆಪಿನ ಹುಲ್ಲು ಮೊಳೆಯಿತು. ಒಂದು ಬೆಳಗ್ಗೆ ನಾನು ಹೋದಾಗ ಅಕ್ಕನ ಅರಿಷಿಣದ ಪಾತಿ ಇದ್ದಲ್ಲಿ ಒಂದು ನೀರುಕೋಳಿ ಮರಿಗಳ ಸಮೇತ ಓಡಾಡುತ್ತಿತ್ತು. ಅಕ್ಕ ಅದನ್ನು ಓಡಿಸಲೂ ಇಲ್ಲ.

"ನನ್ನದೂ ಎನ್.ಎ. ಮಾಡಸೋ" ಎಂದಳು. "ಇದರಾಗ ಇನ್ನ ಬೆಳೀ ಬರೂದಿಲ್ಲ. ಪ್ಲಾಟಿನವ್ರು ತಗೋತೀವಿ ಅಂದಾರ. ಗರಸ ಅವ್ರ ಹಾಕ್ಕೋತಾರ. ಎನ್.ಎ. ಆದ್ರ ಸಾಕಂತ ಅವ್ರಿಗೆ."

ಅವಳ ಬಾಯಿಂದ ಆ ಮಾತು ಬರುತ್ತದೆಂದು ಯಾರಾದರೂ ಹೇಳಿದ್ದರೆ ನಾನು ನಂಬುತ್ತಿರಲಿಲ್ಲ. ಅಲ್ಲಿ ಗರಸು ಬಿದ್ದರೆ ನೀರು ಅದರ ಕೆಳಗಿನವನ ಹೊಲಕ್ಕೆ ಹೋಗುತ್ತದೆಂದು ಅವಳಿಗೆ ನನಗಿಂತ ಚೆನ್ನಾಗಿ ಗೊತ್ತಿತ್ತು. ನಾನದನ್ನು ಎತ್ತಲಿಲ್ಲ. ಅವಳೂ ಎತ್ತಲಿಲ್ಲ. ಅರ್ಜಿ ತುಂಬಿದೆ. ನನ್ನ ನೆಲದಲ್ಲಿ ಕೆರೆ, ಹಳ್ಳ, ನೀರು ನಿಲ್ಲುವ ಜಾಗ ಯಾವುದೂ ಇಲ್ಲ ಎಂಬ ಪ್ರಮಾಣಪತ್ರವನ್ನು ಅವಳಿಗೆ ಓದಿ ಹೇಳಿದೆ. ಅವಳು ತನ್ನ ಕಾಲು ನೋಡಿಕೊಂಡಳು. ಹಿಮ್ಮಡಿಯ ಸುತ್ತ ಕೆಸರು ಇನ್ನೂ ಹಸಿಯಿತ್ತು.

"ಸುಳ್ಳ ಐತಲ್ಲೋ ಇದು."

"ಹೌದಕ್ಕಾ."

"ಎಲ್ಲೆ ಸಹಿ ಮಾಡ್ಲಿ?"

ಆ ಊರಿಗೆ ಈಗ ತಲಾಟಿಯಾಗಿ ಬಂದವಳು ಚಿಕ್ಕ ವಯಸ್ಸಿನ ಹುಡುಗಿ. ಈಗ ಕಟ್ಟೆಯ ಮೇಲೆ ಕೂತು ಪೀಕು ಬರೆಯುವಂತಿಲ್ಲ. ಹೊಲದಲ್ಲೇ ನಿಂತು ಮೊಬೈಲಿನಲ್ಲಿ ಫೋಟೋ ತೆಗೆಯಬೇಕು. ಎಲ್ಲಿ ನಿಂತಿದ್ದೀರಿ ಎಂದು ಮೊಬೈಲಿಗೇ ಗೊತ್ತಾಗುತ್ತದೆ. ಆ ಹುಡುಗಿ ಶ್ರಾವಣದ ಮಳೆಯಲ್ಲಿ ಚಪ್ಪಲಿ ಕೈಯಲ್ಲಿ ಹಿಡಿದು, ಸಲವಾರು ಮಡಚಿಕೊಂಡು ಅಕ್ಕನ ಹೊಲಕ್ಕೆ ಇಳಿದಿದ್ದಳು. ಮಳೆಗಾಲ ಮುಗಿಯುವುದರೊಳಗೆ ಎರಡು ಸಲ ಬಂದಿದ್ದಳು. ಪೀಕು ಇಲ್ಲ, ನೀರು ನಿಂತಿದೆ ಎಂದು ಹಾಕಿ, ನಾಲ್ಕೂ ದಿಕ್ಕಿನ ಫೋಟೋ ಸೇರಿಸಿದ್ದಳು. ನಾನು ನೌಕರಿಯಲ್ಲಿ ಒಂದು ದಿನವೂ ಮಾಡದ ಕೆಲಸವನ್ನು ಅವಳು ಮಾಡಿದ್ದಳು. ಫೋಟೋದಲ್ಲಿ ಅಕ್ಕನ ನಾಲ್ಕು ಎಕರೆ ಆಕಾಶದ ಬಣ್ಣಕ್ಕಿತ್ತು.

ಅರ್ಜಿ ತಿರಸ್ಕಾರವಾಯಿತು. ಕಾಗದ ತೆಗೆದುಕೊಂಡು ನಾನೇ ಹೋದೆ. ಅಕ್ಕ ಹೊಲದ ಬದುವಿನ ಮೇಲೆ ನಿಂತಿದ್ದಳು. ಆ ಕಡೆ, ಮೊದಲು ತೆಗ್ಗಿದ್ದಲ್ಲಿ, ಪ್ಲಾಟಿನವರು ನೆಟ್ಟ ಗುಲ್‌ಮೊಹರ್ ಸಸಿಗಳು ನೀರಿಲ್ಲದೆ ಬಾಡಿದ್ದವು.

"ಓದು" ಎಂದಳು.

ಓದಿದೆ. ಸ್ಥಳದ ವರದಿ ಮತ್ತು ಫೋಟೋಗಳ ಪ್ರಕಾರ ಇದು ನೀರು ನಿಲ್ಲುವ ಪ್ರದೇಶ, ಹಾಗಾಗಿ ಪರಿವರ್ತನೆಗೆ ಯೋಗ್ಯವಲ್ಲ ಎಂದಿತ್ತು. ಒಂದೇ ಒಂದು ಮಾತೂ ತಪ್ಪಿರಲಿಲ್ಲ. ಆ ಊರಿನ ದಾಖಲೆಯಲ್ಲಿ ಕಾನೂನು ಕಾಯುತ್ತಿರುವ ನೀರೆಂದರೆ ಈಗ ನನ್ನ ಅಕ್ಕನ ಹೊಲ ಒಂದೇ.

"ಅಂದ್ರ ಮಾರಾಕೂ ಬರೂದಿಲ್ಲ, ಬಿತ್ತಾಕೂ ಬರೂದಿಲ್ಲ."

"ಇಲ್ಲಕ್ಕಾ."

"ಆ ಹುಡಿಗಿ ಮ್ಯಾಲ ಸಿಟ್ಟಿಲ್ಲೋ ನನಗ. ಕಂಡಿದ್ದ ಬರದಾಳ. ಪಾಪ, ಕಾಲಿಗೆ ಮುಳ್ಳ ನಟ್ಟಿತ್ತು, ನಾನ ತಗದೆ." ನನ್ನ ಕಡೆ ತಿರುಗಿದಳು. "ನೀ ಇನ್ನೂ ನೌಕರಿಯಾಗ ಇದ್ದಿದ್ರ ಅರಿಷಿಣ ಅಂತ ಬರೀತಿದ್ದಿ. ಹೌದಿಲ್ಲೋ?"

ಬೈಗುಳವೋ, ಅಕ್ಕರೆಯೋ ತಿಳಿಯಲಿಲ್ಲ. ಎರಡೂ ಇದ್ದೀತು. ಬರೆಯುತ್ತಿದ್ದೆ. ಕಟ್ಟೆಯ ಮೇಲೆ ಕೂತು, ಚಹಾ ಕುಡಿಯುತ್ತಾ, ಚೆಂದದ ಅಕ್ಷರದಲ್ಲಿ ಬರೆಯುತ್ತಿದ್ದೆ. ಅವಳ ಹೊಲ ಉಳಿಯುತ್ತಿರಲಿಲ್ಲ, ಅವಳ ಅರ್ಜಿ ಉಳಿಯುತ್ತಿತ್ತು.

"ಬರೀತಿದ್ದೆ ಅಕ್ಕಾ" ಎಂದೆ.

ಅವಳು ನನ್ನ ಕೈಯಿಂದ ಕಾಗದ ತೆಗೆದುಕೊಂಡು ನಾಲ್ಕು ಮಡಿಕೆ ಮಾಡಿ ಸೊಂಟಕ್ಕೆ ಸಿಕ್ಕಿಸಿಕೊಂಡಳು.

"ಶಿವರಾತ್ರಿ ಆದ ಮ್ಯಾಲ ನೀರ ಇಳೀತೈತಿ. ಮಾವಶಿ ಕೇಳಾಕ ಬಂದಿದ್ಲು, ಸೌತಿ ಹಾಕು ಅಂದೀನಿ. ಅಕಿಗ್ಯರ ಒಂದೀಟ ಜಾಗಾ ಬೇಕಲ್ಲ." ಬದುವಿನಿಂದ ಇಳಿಯುತ್ತಾ ನಿಂತು ತಿರುಗಿದಳು. "ಅದನ್ನ ಮಾತ್ರ ಎಲ್ಲೂ ಬರಸಬ್ಯಾಡ ತಮ್ಮಾ."

ಇಲ್ಲ ಎಂದೆ.